ಕಥೆ ಬಿಡಿ, ಹಾಡು ನೋಡಿ: ರಾಕ್ ಅಂಡ್ ರೋಲ್‌ನ ಮೊದಲ ಸಿನಿಮಾಗಳು

ಒಂದು ಸಿನಿಮಾದ ಕಥೆ ಹೇಳುತ್ತೇನೆ. ಹೈಸ್ಕೂಲ್ ಹುಡುಗಿಯೊಬ್ಬಳಿಗೆ ಡಾನ್ಸ್ ಪಾರ್ಟಿಗೆ ಹಾಕಿಕೊಳ್ಳಲು ಒಂದು ಗೌನ್ ಬೇಕು. ಗೌನಿಗೆ 30 ಡಾಲರ್ ಬೇಕು. ಅಪ್ಪ ಕೊಡುವುದಿಲ್ಲ. ಹುಡುಗಿ ದುಡ್ಡು ಹೊಂದಿಸಲು ಪರದಾಡುತ್ತಾಳೆ. ಅಷ್ಟೇ ಕಥೆ. ಮುಗೀತು.

ಇದು 1956ರ ‘ರಾಕ್, ರಾಕ್, ರಾಕ್!’, ರಾಕ್ ಅಂಡ್ ರೋಲ್ ಎಂಬ ಅಮೆರಿಕದ ಅಬ್ಬರದ ಸಂಗೀತದ ಮೊದಲ ಸಿನಿಮಾಗಳಲ್ಲೊಂದು. ಕಪ್ಪು ಬಿಳುಪು ಚಿತ್ರ, ಕೈಗೆ ಸಿಕ್ಕಷ್ಟು ದುಡ್ಡಲ್ಲಿ ಅವಸರದಲ್ಲಿ ತೆಗೆದದ್ದು. ನಟನೆ ನಮ್ಮ ಸ್ಕೂಲ್ ಡೇ ನಾಟಕಕ್ಕಿಂತ ಒಂದು ಕೈ ಮೇಲು ಅನ್ನಬಹುದು, ಅದೂ ನನ್ನ ಮನಸ್ಸು ಚೆನ್ನಾಗಿದ್ದ ದಿನ. ಆ ಹುಡುಗಿಯಾಗಿ ನಟಿಸಿದ ಟ್ಯೂಸ್ಡೇ ವೆಲ್ಡ್‌ಗೆ ಆಗ 13 ವರ್ಷ. ತೆರೆ ಮೇಲೆ ಅವಳು ಹಾಡುವಾಗ ಕೇಳಿಸುವ ದನಿ ಅವಳದ್ದಲ್ಲ, ಕಾನಿ ಫ್ರಾನ್ಸಿಸ್‌ಳದು. ಕಾನಿ ಆಗಿನ್ನೂ ಹೆಸರು ಮಾಡಿರಲಿಲ್ಲ. ಪ್ಲೇಬ್ಯಾಕ್ ನಮಗೆ ಹೊಸದಲ್ಲ, ಆದ್ದರಿಂದ ಅದು ಬಿಡಿ.

ಇಂಥ ಡಬ್ಬಾ ಸಿನಿಮಾವನ್ನು ಇವತ್ತಿಗೂ ನಿಲ್ಲಿಸಿ ನಿಲ್ಲಿಸಿ, ಹಿಂದಕ್ಕೆ ಓಡಿಸಿ, ಒಂದೊಂದು ಫ್ರೇಮ್ ನೋಡಿ ಟಿಪ್ಪಣಿ ಮಾಡಿಕೊಳ್ಳುವ ಸಿನಿಮಾ ಇತಿಹಾಸಕಾರರಿದ್ದಾರೆ. ಜಗತ್ತಿನಲ್ಲಿ ಒಳ್ಳೆಯ ಸಿನಿಮಾಗಳಿಗೆ ಬರವೇ, ಇದರಲ್ಲೇನಿದೆ ಅಂಥದ್ದು ಎಂದು ಮೊದಲು ನನಗೂ ಅನ್ನಿಸಿತ್ತು. ಆಮೇಲೆ ಒಂದು ರಾತ್ರಿ ಫೋನಿನಲ್ಲಿ ಸುಮ್ನೆ ನೋಡುತ್ತಾ ಕೂತೆ. ಗೌನಿನ ಗೋಳಾಟದ ನಡುವೆ ಇದ್ದಕ್ಕಿದ್ದಂತೆ ಚಕ್ ಬೆರ್ರಿ ಎಂಬ ರಾಕ್ ಹಾಡುಗಾರ ಬಂದ. ಒಬ್ಬನೇ. ಹಿಂದೆ ವಾದ್ಯದವರು ಯಾರೂ ಇಲ್ಲ, ಅವನು ಮತ್ತು ಅವನ ಗಿಟಾರ್ ಅಷ್ಟೇ. ‘ಯು ಕಾಂಟ್ ಕ್ಯಾಚ್ ಮಿ’ ಹಾಡುತ್ತಾ, ಮಂಡಿ ಮಡಚಿ, ಕುತ್ತಿಗೆ ಮುಂದಕ್ಕೆ ಚಾಚಿ ಬಾತುಕೋಳಿಯ ಹಾಗೆ ಜಾರಿದ. ಎರಡು ಮೂರು ನಿಮಿಷ. ಹಾಡು ಮುಗಿಯಿತು, ಹೋದ. ಮತ್ತೆ ಗೌನಿನ ಗೋಳು.

ಆ ಎರಡು ಮೂರು ನಿಮಿಷವನ್ನು ಅವತ್ತು ಎಷ್ಟು ಸಲ ಹಾಕಿದೆನೋ ಲೆಕ್ಕವಿಲ್ಲ. ಮನೆಯವರು ಎದ್ದು ಬಂದು ‘ಹೆಡ್‌ಫೋನ್ ಹಾಕ್ಕೊಳ್ಳಿ’ ಎಂದದ್ದು ನೆನಪಿದೆ.

ಈ ಬರಹ ಆ ಎರಡು ಮೂರು ನಿಮಿಷಗಳ ಬಗ್ಗೆ. ಈ ಚಿತ್ರಗಳನ್ನು ಯಾರು ಯಾಕೆ ಮಾಡಿದರು, ಕಾಣಿಸುವುದರಲ್ಲಿ ನಿಜ ಎಷ್ಟು, ನಾಟಕ ಎಷ್ಟು, ಒಬ್ಬ ಇತಿಹಾಸಕಾರ ಇವುಗಳಲ್ಲಿ ಏನು ಹುಡುಕುತ್ತಾನೆ ಎನ್ನುವುದನ್ನು ಹೇಳಲು ನೋಡುತ್ತೇನೆ.

ಕಥೆ 1955ರ ಮಾರ್ಚ್‌ನಿಂದ ಶುರು. ಎಂಜಿಎಂ ಕಂಪನಿಯ ‘ಬ್ಲ್ಯಾಕ್‌ಬೋರ್ಡ್ ಜಂಗಲ್’ ಬಂತು, ನಿರ್ದೇಶಕ ರಿಚರ್ಡ್ ಬ್ರೂಕ್ಸ್. ಅದು ರಾಕ್ ಸಿನಿಮಾ ಅಲ್ಲವೇ ಅಲ್ಲ. ನ್ಯೂಯಾರ್ಕಿನ ಒಂದು ಶಾಲೆ, ಪುಂಡ ಹುಡುಗರು, ಹೊಸದಾಗಿ ಬಂದ ಮೇಷ್ಟ್ರು. ಆದರೆ ಟೈಟಲ್ ಬರುವಾಗ ಬಿಲ್ ಹೇಲಿ ಎಂಬ ಹಾಡುಗಾರನ ‘ರಾಕ್ ಅರೌಂಡ್ ದ ಕ್ಲಾಕ್’ ಹಾಕಿಬಿಟ್ಟರು. ಈ ಹಾಡು ಹೊಸದೇನಲ್ಲ. 1954ರ ಏಪ್ರಿಲ್ 12ರಂದು ನ್ಯೂಯಾರ್ಕಿನಲ್ಲಿ ರೆಕಾರ್ಡ್ ಆಗಿ, ಒಂದು ಗ್ರಾಮಾಫೋನ್ ಪ್ಲೇಟಿನ ಹಿಂಬದಿಯ ಹಾಡಾಗಿ ಹೊರಬಂದು, ಅಷ್ಟೇನೂ ಸದ್ದು ಮಾಡದೆ ಮೂಲೆ ಸೇರಿತ್ತು. ಚಿತ್ರದ ನಾಯಕ ಗ್ಲೆನ್ ಫೋರ್ಡ್‌ನ ಮಗನ ಹತ್ತಿರ ಆ ಪ್ಲೇಟು ಇತ್ತಂತೆ, ಅವರ ಮನೆಯಿಂದಲೇ ಅದು ನಿರ್ದೇಶಕನ ಕಿವಿಗೆ ಬಿತ್ತಂತೆ. ಹುಡುಗನಿಗೆ ಆಗ ಹತ್ತು ವರ್ಷ ಆಸುಪಾಸು.

ಅಲ್ಲಿಯವರೆಗೆ ಮಕ್ಕಳು ಇಂಥ ಹಾಡನ್ನು ಕೇಳುತ್ತಿದ್ದದ್ದು ಸಣ್ಣ ರೇಡಿಯೊದಲ್ಲಿ, ಮನೆಯ ಗ್ರಾಮಾಫೋನಿನಲ್ಲಿ, ಅದೂ ಅಪ್ಪ ಅಮ್ಮ ‘ಸೌಂಡ್ ಕಮ್ಮಿ ಮಾಡು’ ಎನ್ನುವವರೆಗೆ. ಈಗ ಅದೇ ಹಾಡು ಟಾಕೀಸಿನ ತೆರೆಯ ಹಿಂದಿನ ದೈತ್ಯ ಸ್ಪೀಕರಿನಿಂದ, ಕತ್ತಲಲ್ಲಿ, ನೂರಾರು ಜನ ಒಟ್ಟಿಗೆ ಕೂತಿರುವಾಗ ಎದೆಗೆ ಬಡಿಯಿತು. ಕಮ್ಮಿ ಮಾಡು ಎನ್ನಲು ಯಾರೂ ಇಲ್ಲ. ಜುಲೈ ಹೊತ್ತಿಗೆ ಅಮೆರಿಕದಲ್ಲಿ ನಂಬರ್ ಒನ್ ಹಾಡು ಅದೇ, ಎಂಟು ವಾರ ಅಲ್ಲೇ ಕೂತಿತ್ತು.

ಅದೇ ಚಿತ್ರದಲ್ಲಿ ಇನ್ನೊಂದು ದೃಶ್ಯವಿದೆ, ಅದರ ಬಗ್ಗೆ ಜನ ಮಾತಾಡುವುದು ಕಡಿಮೆ. ಒಬ್ಬ ಮೆತ್ತಗಿನ ಮೇಷ್ಟ್ರು ತಾನು ಬಹಳ ಆಸೆಯಿಂದ ಕೂಡಿಟ್ಟ ಹಳೇ ಜಾಜ್ ಪ್ಲೇಟುಗಳನ್ನು ಕ್ಲಾಸಿಗೆ ತರುತ್ತಾನೆ, ಹುಡುಗರಿಗೆ ಕೇಳಿಸೋಣ ಅಂತ. ಹುಡುಗರು ಒಂದೊಂದನ್ನೇ ಎಸೆದು ಪುಡಿ ಮಾಡುತ್ತಾರೆ. ರಾಕ್ ಹಾಡುಗಾರ ಒಬ್ಬನೂ ಕಾಣಿಸದ ಈ ಚಿತ್ರದಲ್ಲಿ ಸಂಗೀತದ ತಲೆಮಾರು ಬದಲಾದದ್ದು ಕಣ್ಣಿಗೆ ಕಾಣಿಸುವುದು ಅಲ್ಲಿ, ಆ ಚೂರುಗಳಲ್ಲಿ.

ಈಗ ವ್ಯಾಪಾರದ ಲೆಕ್ಕಕ್ಕೆ ಬರೋಣ. ಅದಿಲ್ಲದೆ ಇದು ಅರ್ಥವಾಗುವುದಿಲ್ಲ. 1948ರಲ್ಲಿ ಅಮೆರಿಕದ ಸುಪ್ರೀಂ ಕೋರ್ಟಿನ ತೀರ್ಪಿನಿಂದ ದೊಡ್ಡ ಸ್ಟುಡಿಯೊಗಳು ತಮ್ಮ ಟಾಕೀಸುಗಳನ್ನು ಕೈಬಿಡಬೇಕಾಯಿತು. ತಾನೇ ಅಡುಗೆ ಮಾಡಿ ತಾನೇ ಬಡಿಸುವ ಕಾಲ ಹೋಯಿತು. ಅದೇ ಹೊತ್ತಿಗೆ ಮನೆಮನೆಗೆ ಟಿವಿ ಬಂತು. ಅಪ್ಪ ಅಮ್ಮ ಸಂಜೆ ಸೋಫಾ ಬಿಟ್ಟು ಏಳುವುದನ್ನೇ ನಿಲ್ಲಿಸಿದರು. ಹಾಗಾದರೆ ಟಾಕೀಸಿಗೆ ಬರುವವರು ಯಾರು? ಮನೆಯಲ್ಲಿ ಕೂರಲು ಇಷ್ಟವಿಲ್ಲದವರು. ಅಂದರೆ ಹದಿಹರೆಯದವರು. ಯುದ್ಧ ಮುಗಿದ ಮೇಲಿನ ಆ ವರ್ಷಗಳಲ್ಲಿ ಅವರ ಜೇಬಿನಲ್ಲಿ ಪಾಕೆಟ್ ಮನಿ ಇತ್ತು, ಕೆಲವರ ಕೈಯಲ್ಲಿ ಅಪ್ಪನ ಕಾರಿನ ಕೀಲಿಯೂ ಇತ್ತು. ಕಾರಿನಲ್ಲೇ ಕೂತು ಬಯಲಲ್ಲಿ ಸಿನಿಮಾ ನೋಡುವ ಡ್ರೈವ್ ಇನ್‌ಗಳು 1950ರ ದಶಕದ ಕೊನೆಗೆ ಆ ದೇಶದಲ್ಲಿ 4,000ಕ್ಕೂ ಜಾಸ್ತಿ ಆಗಿದ್ದವು. ಹುಡುಗ ಹುಡುಗಿ ಅಲ್ಲಿಗೆ ಬರೀ ಸಿನಿಮಾ ನೋಡಲು ಹೋಗುತ್ತಿದ್ದರು ಅಂತ ನಾನೇನೂ ಹೇಳುತ್ತಿಲ್ಲ.

ಇದನ್ನು ಎಲ್ಲರಿಗಿಂತ ಮೊದಲು ಹಿಡಿದವನು ಸ್ಯಾಮ್ ಕಾಟ್ಜ್‌ಮನ್ ಎಂಬ ನಿರ್ಮಾಪಕ. ಈತ ಅಗ್ಗದ ಸಾಹಸ ಚಿತ್ರ, ಕಂತಿನ ಚಿತ್ರ ಮಾಡಿ ಪಳಗಿದವನು. ಅವನನ್ನು ಜನ ‘ಜಂಗಲ್ ಸ್ಯಾಮ್’ ಅನ್ನುತ್ತಿದ್ದರು. ಗಾಳಿ ಬಂದಾಗ ತೂರಿಕೊಳ್ಳುವುದು ಅಂದರೆ ಏನು ಅಂತ ಇವನನ್ನು ನೋಡಿ ಕಲಿಯಬೇಕು. ಹೇಲಿಯ ಹಾಡಿನ ಬಿಸಿ ಆರುವ ಮೊದಲೇ ಅದೇ ಹೆಸರಿಟ್ಟು, ಅದೇ ಹೇಲಿಯನ್ನು ಹಾಕಿಕೊಂಡು ಕೊಲಂಬಿಯಾ ಕಂಪನಿಗೆ ‘ರಾಕ್ ಅರೌಂಡ್ ದ ಕ್ಲಾಕ್’ ಚಿತ್ರ ಮಾಡಿಕೊಟ್ಟ. 1956ರ ಜನವರಿಯಲ್ಲಿ ಶೂಟಿಂಗ್, ಮಾರ್ಚ್‌ನಲ್ಲಿ ಬಿಡುಗಡೆ. ಖರ್ಚು ಸುಮಾರು 3 ಲಕ್ಷ ಡಾಲರ್, ಹಾಲಿವುಡ್ ಲೆಕ್ಕದಲ್ಲಿ ಚಿಲ್ಲರೆ ಕಾಸು. ಹಾಕಿದ್ದಕ್ಕೆ ಹಲವು ಪಟ್ಟು ವಾಪಸ್ ಬಂತು.

ಥಾಮಸ್ ಡೊಹರ್ಟಿ ಎಂಬ ಸಿನಿಮಾ ಇತಿಹಾಸಕಾರರು 1988ರಲ್ಲಿ ಹದಿಹರೆಯದವರ ಸಿನಿಮಾಗಳ ಬಗ್ಗೆಯೇ ಒಂದು ಪುಸ್ತಕ ಬರೆದರು. ಅದರಲ್ಲಿ ಕಾಟ್ಜ್‌ಮನ್‌ನ ಈ ಚಿತ್ರಕ್ಕೆ ದೊಡ್ಡ ಜಾಗ ಕೊಟ್ಟಿದ್ದಾರೆ. ಚಿತ್ರ ಚೆನ್ನಾಗಿದೆ ಅಂತ ಅಲ್ಲ. ದೊಡ್ಡವರು ಬಂದರೂ ಸರಿ, ಬರದಿದ್ದರೂ ಸರಿ ಎಂದು ಅವರನ್ನು ಪಕ್ಕಕ್ಕಿಟ್ಟು, ಮಕ್ಕಳ ದುಡ್ಡನ್ನೇ ನಂಬಿ ಮಾರಿದ ಮೊದಲ ಭಾರಿ ಹಿಟ್ ಇದು ಎನ್ನುವುದು ಅವರ ವಾದ. ಅದಕ್ಕೆ ಮುಂಚೆ ಸಿನಿಮಾ ಅಂದರೆ ಮನೆಮಂದಿಗೆಲ್ಲ ಒಂದೇ ಹಂಡೆಯ ಅಡುಗೆ. ಇವತ್ತು ದೊಡ್ಡ ಬಜೆಟ್ಟಿನ ಹಾಲಿವುಡ್ ಚಿತ್ರಗಳಲ್ಲಿ ಬಹುಪಾಲು ಹದಿನೆಂಟು ಇಪ್ಪತ್ತರ ಹುಡುಗರನ್ನು ನೋಡಿಕೊಂಡೇ ತಯಾರಾಗುತ್ತವಲ್ಲ, ಆ ದಾರಿ ಹಿಡಿದು ಹಿಂದಕ್ಕೆ ಹೋದರೆ ಈ ಅಗ್ಗದ ಚಿತ್ರದ ಬಾಗಿಲಿಗೆ ಬಂದು ನಿಲ್ಲುತ್ತೇವೆ.

ಕಾಟ್ಜ್‌ಮನ್‌ಗೆ ಸಂಗೀತದ ಮೇಲೆ ಪ್ರೀತಿ ಇತ್ತು ಅಂದುಕೊಳ್ಳಬೇಡಿ. ರಾಕ್ ಅಂಡ್ ರೋಲ್ ಒಂದು ವರ್ಷದ ಹುಚ್ಚು, ಆಮೇಲೆ ಕೆರಿಬಿಯನ್ ದ್ವೀಪಗಳ ಕ್ಯಾಲಿಪ್ಸೊ ಸಂಗೀತ ಬರುತ್ತದೆ ಅಂತ ಸುದ್ದಿ ಹಬ್ಬಿದ ಕೂಡಲೇ 1957ರಲ್ಲಿ ‘ಕ್ಯಾಲಿಪ್ಸೊ ಹೀಟ್ ವೇವ್’ ಮಾಡಿದ. ಮುಂದೆ ಟ್ವಿಸ್ಟ್ ಡಾನ್ಸ್ ಬಂದಾಗ 1961ರಲ್ಲಿ ‘ಟ್ವಿಸ್ಟ್ ಅರೌಂಡ್ ದ ಕ್ಲಾಕ್’. ಕಥೆ ಹೆಚ್ಚುಕಮ್ಮಿ ಅದೇ ಹಳೆಯದು. ಗಡಿಯಾರವನ್ನೂ ಬದಲಾಯಿಸಲಿಲ್ಲ ಪುಣ್ಯಾತ್ಮ.

ಚಿತ್ರ ಇಂಗ್ಲೆಂಡಿಗೆ ಹೋದಾಗ ಗಲಾಟೆಯಾಯಿತು. 1956ರ ಸೆಪ್ಟೆಂಬರಿನಲ್ಲಿ ಅಲ್ಲಿನ ಹುಡುಗರು ಸೀಟು ಬಿಟ್ಟೆದ್ದು ನಡುದಾರಿಯಲ್ಲಿ ಕುಣಿದರು, ಕೆಲವು ಕಡೆ ಸೀಟು ಹರಿದರು, ಪೊಲೀಸರು ಬಂದರು, ಬರ್ಮಿಂಗ್‌ಹ್ಯಾಮ್ ಸೇರಿದಂತೆ ಹಲವು ಊರುಗಳಲ್ಲಿ ಚಿತ್ರವನ್ನೇ ನಿಷೇಧಿಸಿದರು. ಹಾಡು ಬಂದಾಗ ಗಾಂಧಿ ಕ್ಲಾಸಿನಲ್ಲಿ ಶಿಳ್ಳೆ ಹೊಡೆದು ತೆರೆಯ ಮೇಲೆ ಚಿಲ್ಲರೆ ತೂರುವುದನ್ನು ಕಂಡ ನಮಗೆ ಇದರಲ್ಲಿ ಅಂಥ ಆಶ್ಚರ್ಯವೇನಿಲ್ಲ. ಅಲ್ಲಿಯವರಿಗೆ ಆಕಾಶವೇ ಕಳಚಿಬಿದ್ದಿತ್ತು.

ಈ ಚಿತ್ರಗಳ ಕಥೆಯೂ ಆ ಹೆದರಿಕೆಯ ಸುತ್ತಲೇ ಸುತ್ತುತ್ತದೆ. ಊರ ಹಿರಿಯರಿಗೆ ಈ ಸಂಗೀತ ಆಗದು. ಮಕ್ಕಳು ಹಾಳಾಗುತ್ತಿದ್ದಾರೆ ಎಂದು ಬೊಬ್ಬೆ. ಕೊನೆಗೆ ಒಂದು ಕಾರ್ಯಕ್ರಮ, ಹಿರಿಯರು ಕರಗುತ್ತಾರೆ, ಎಲ್ಲರೂ ಚಪ್ಪಾಳೆ ತಟ್ಟುತ್ತಾರೆ. 1956ರ ‘ಡೋಂಟ್ ನಾಕ್ ದ ರಾಕ್’ ಚಿತ್ರದಲ್ಲಂತೂ ಮಕ್ಕಳು ಒಂದು ಕಲಾ ಪ್ರದರ್ಶನ ಏರ್ಪಡಿಸಿ, ಅದರಲ್ಲಿ ಅಪ್ಪ ಅಮ್ಮಂದಿರ ಕಾಲದ ಕುಣಿತವನ್ನೇ ಕುಣಿದು ತೋರಿಸುತ್ತಾರೆ. ನೀವೂ ಹೀಗೇ ಕುಣಿದವರಲ್ವಾ, ಈಗ ಏನು ಮಾತು, ಅಂತ. ‘ರಾಕ್, ರಾಕ್, ರಾಕ್!’ ಚಿತ್ರದಲ್ಲಿ ಫ್ರ್ಯಾಂಕಿ ಲೈಮನ್ ಎಂಬ 14 ವರ್ಷದ ಹುಡುಗ ತನ್ನ ಗೆಳೆಯರೊಂದಿಗೆ ‘ನಾನು ಪುಂಡ ಹುಡುಗನಲ್ಲ’ ಎಂದೇ ಹಾಡುತ್ತಾನೆ. ಹಾಡಲ್ಲ ಅದು, ಜಾಮೀನು ಅರ್ಜಿ.

ಈ ಫ್ರ್ಯಾಂಕಿ ಲೈಮನ್ ಕಪ್ಪು ಹುಡುಗ. ಇಲ್ಲಿ ಸ್ವಲ್ಪ ನಿಲ್ಲಬೇಕು.

ಆಲನ್ ಫ್ರೀಡ್ ಎಂಬ ರೇಡಿಯೊ ನಿರೂಪಕನಿದ್ದ. ಕ್ಲೀವ್‌ಲ್ಯಾಂಡಿನ ರೇಡಿಯೊದಲ್ಲಿ 1951ರಿಂದ ಕಪ್ಪುಜನರ ರಿದಮ್ ಅಂಡ್ ಬ್ಲೂಸ್ ಹಾಡುಗಳನ್ನು ಹಾಕುತ್ತಾ, ಆಮೇಲೆ ನ್ಯೂಯಾರ್ಕಿಗೆ ಬಂದು ‘ರಾಕ್ ಅಂಡ್ ರೋಲ್’ ಎಂಬ ಹೆಸರನ್ನು ಮನೆಮಾತು ಮಾಡಿದವನು. ಈ ಕಾಲದ ಐದು ಚಿತ್ರಗಳಲ್ಲಿ ಅವನು ಆಲನ್ ಫ್ರೀಡ್ ಆಗಿಯೇ ಕಾಣಿಸಿಕೊಂಡ. ನಟನೆ ಬರುತ್ತಿರಲಿಲ್ಲ, ಅದರ ಅಗತ್ಯವೂ ಇರಲಿಲ್ಲ. ಅವನು ಬಂದರೆ ಜೊತೆಗೆ ಕಪ್ಪು ಹಾಡುಗಾರರೂ ಬರುತ್ತಿದ್ದರು, ಬಿಳಿ ಹುಡುಗರ ಸಾಲಿನಲ್ಲೇ, ಅದೇ ವೇದಿಕೆಯ ಮೇಲೆ. 1956ರ ಅಮೆರಿಕದ ದಕ್ಷಿಣದಲ್ಲಿ ಬಸ್ಸಿನ ಸೀಟೂ ಬೇರೆ ಬೇರೆ ಇದ್ದ ಕಾಲ ಅದು. ಆ ವರ್ಷದ ಏಪ್ರಿಲ್‌ನಲ್ಲಿ ಅಲಬಾಮಾದ ಬರ್ಮಿಂಗ್‌ಹ್ಯಾಮಿನಲ್ಲಿ ನ್ಯಾಟ್ ಕಿಂಗ್ ಕೋಲ್‌ನಂಥ ಸೌಮ್ಯ ಹಾಡುಗಾರನ ಮೇಲೆ, ಹಾಡುತ್ತಿರುವಾಗಲೇ, ಬಿಳಿಯರು ವೇದಿಕೆಗೆ ನುಗ್ಗಿ ಕೈ ಮಾಡಿದ್ದರು.

ಆದರೆ ಗಮನಿಸಿ ನೋಡಿ. ಕಪ್ಪು ಹಾಡುಗಾರ ಬರುತ್ತಾನೆ, ಹಾಡುತ್ತಾನೆ, ಹೋಗುತ್ತಾನೆ. ಸಾಮಾನ್ಯವಾಗಿ ಕಥೆಯಲ್ಲಿ ಅವನಿಗೆ ಕೆಲಸವಿಲ್ಲ, ಮಾತಿಲ್ಲ. ನಾಯಕ ನಾಯಕಿ ಬಿಳಿಯರು, ಅವರು ಕೂತು ಕೇಳುತ್ತಾರೆ. ಹಾಡುಗಾರ ಒಂದು ಶಾಟ್, ಕೇಳುವವರು ಇನ್ನೊಂದು ಶಾಟ್, ಎಷ್ಟೋ ಕಡೆ ಇಬ್ಬರೂ ಒಂದೇ ಫ್ರೇಮಿನಲ್ಲಿ ಇರುವುದೇ ಇಲ್ಲ. ಇತಿಹಾಸಕಾರರು ಹುಡುಕುವುದು ಇಂಥದ್ದನ್ನೇ: ಯಾರ ಪಕ್ಕದಲ್ಲಿ ಯಾರನ್ನು ನಿಲ್ಲಿಸಿದ್ದಾರೆ, ಯಾರನ್ನು ನಿಲ್ಲಿಸಿಲ್ಲ. 1959ರ ‘ಗೋ, ಜಾನಿ, ಗೋ!’ ಹೊತ್ತಿಗೆ ಚಕ್ ಬೆರ್ರಿ ಫ್ರೀಡ್ ಜೊತೆ ಕೂತು ಗೆಳೆಯನ ಹಾಗೆ ಮಾತಾಡುತ್ತಾನೆ, ಕಥೆಯಲ್ಲಿ ಪಾಲ್ಗೊಳ್ಳುತ್ತಾನೆ. ಸಣ್ಣ ವಿಷಯ ಅನ್ನಿಸಬಹುದು. ಎರಡು ವರ್ಷ ಮೊದಲು, 1957ರಲ್ಲಿ, ಫ್ರೀಡ್‌ನ ಟಿವಿ ಕಾರ್ಯಕ್ರಮದಲ್ಲಿ ಇದೇ ಫ್ರ್ಯಾಂಕಿ ಲೈಮನ್ ಒಬ್ಬ ಬಿಳಿ ಹುಡುಗಿಯ ಜೊತೆ ಕುಣಿದ. ದಕ್ಷಿಣದ ಸ್ಟೇಷನ್ನುಗಳು ಕೂಗೆಬ್ಬಿಸಿದವು, ಕಾರ್ಯಕ್ರಮ ನಿಂತೇಹೋಯಿತು.

ಎಲ್ವಿಸ್ ಬಗ್ಗೆ ಜಾಸ್ತಿ ಬರೆಯುವುದಿಲ್ಲ. 1956ರ ನವೆಂಬರಿನ ‘ಲವ್ ಮಿ ಟೆಂಡರ್’, 1957ರ ‘ಜೈಲ್‌ಹೌಸ್ ರಾಕ್’, 1958ರ ‘ಕಿಂಗ್ ಕ್ರಿಯೋಲ್’, ಇವೆಲ್ಲ ಒಬ್ಬ ಸ್ಟಾರಿನ ಸುತ್ತ ಕಟ್ಟಿದ ದೊಡ್ಡ ಸ್ಟುಡಿಯೊ ಚಿತ್ರಗಳು, ಅವನ್ನು ನೋಡಿಕೊಳ್ಳಲು ಬೇಕಾದಷ್ಟು ಜನ ಇದ್ದಾರೆ. ನನ್ನ ಒಲವು ಅನಾಥರ ಕಡೆ.

ಈಗ ನನಗೆ ಎಲ್ಲಕ್ಕಿಂತ ಇಷ್ಟವಾದ ಭಾಗ. ಈ ಹಾಡುಗಳಲ್ಲಿ ನೀವು ನೋಡುತ್ತಿರುವುದು ಒಂದು, ಕೇಳುತ್ತಿರುವುದು ಇನ್ನೊಂದು.

ಆಗಿನ ಪದ್ಧತಿ ಹೀಗೆ: ಮೊದಲೇ ರೆಕಾರ್ಡ್ ಆದ ಹಾಡನ್ನು ಸೆಟ್ಟಿನಲ್ಲಿ ಹಾಕುತ್ತಾರೆ, ಹಾಡುಗಾರ ತುಟಿ ಆಡಿಸುತ್ತಾನೆ, ವಾದ್ಯದವರು ಬಾರಿಸುವ ಹಾಗೆ ಕೈ ಆಡಿಸುತ್ತಾರೆ. ನಮ್ಮಲ್ಲಿ ನಾಯಕ ಬೇರೆಯವರ ದನಿಗೆ ತುಟಿ ಆಡಿಸಿದರೆ ಇಲ್ಲಿ ಹಾಡುಗಾರ ತನ್ನದೇ ದನಿಗೆ ಆಡಿಸುತ್ತಾನೆ, ವ್ಯತ್ಯಾಸ ಅಷ್ಟೇ. ಕಾರಣವೂ ಸರಳ. ಸೆಟ್ಟಿನಲ್ಲಿ ನಿಜವಾಗಿ ಹಾಡಿಸಿ ರೆಕಾರ್ಡ್ ಮಾಡುವುದು ದುಬಾರಿ ಮತ್ತು ನಿಧಾನ. ಜನರಿಗೂ ಪ್ಲೇಟಿನಲ್ಲಿ ಕೇಳಿದ ಹಾಡೇ ಬೇಕು. ಎಲೆಕ್ಟ್ರಿಕ್ ಗಿಟಾರಿನಿಂದ ಹೊರಡಬೇಕಾದ ವೈರ್ ಎಲ್ಲಿದೆ ಅಂತ ಹುಡುಕಿ ನೋಡಿ. ಎಷ್ಟೋ ಚಿತ್ರಗಳಲ್ಲಿ ಅದು ಇರುವುದೇ ಇಲ್ಲ.

‘ರಾಕ್ ಅರೌಂಡ್ ದ ಕ್ಲಾಕ್’ ಹಾಡಿನ ನಡುವೆ ಮಿಂಚಿನ ಹಾಗೆ ಓಡುವ ಆ ಗಿಟಾರ್ ತುಣುಕಿದೆಯಲ್ಲ, ಅದನ್ನು ರೆಕಾರ್ಡಿಂಗ್ ದಿನ ನುಡಿಸಿದವನು ಡ್ಯಾನಿ ಸೆಡ್ರೋನ್. ರೆಕಾರ್ಡ್ ಆಗಿ ಎರಡು ತಿಂಗಳಿಗೆ, 1954ರ ಜೂನ್‌ನಲ್ಲಿ, ಮೆಟ್ಟಿಲಿನಿಂದ ಬಿದ್ದು ತೀರಿಹೋದ. ಹಾಡು ನಂಬರ್ ಒನ್ ಆದದ್ದನ್ನು ನೋಡಲಿಲ್ಲ. 1956ರ ಚಿತ್ರದಲ್ಲಿ ಹೇಲಿಯ ಪಕ್ಕದಲ್ಲಿ ಗಿಟಾರ್ ಹಿಡಿದು ನಿಂತಿರುವುದು ಫ್ರ್ಯಾನಿ ಬೀಚರ್. ಅವನೂ ಭಾರಿ ವಾದಕನೇ, ಆದರೆ ಆ ಹಾಡಿನಲ್ಲಿ ಅವನ ಬೆರಳು ಸತ್ತವನ ಸ್ವರದ ಮೇಲೆ ಓಡುತ್ತಿದೆ. ಅಷ್ಟೇ ಅಲ್ಲ, 1955ರಲ್ಲಿ ಸಂಬಳದ ಜಗಳಕ್ಕೆ ಹೇಲಿಯ ತಂಡದಿಂದ ಮೂವರು ಬಿಟ್ಟುಹೋಗಿದ್ದರು. ಪ್ಲೇಟಿನಲ್ಲಿ ಡ್ರಮ್ ಬಾರಿಸಿದವನು ಸ್ಟುಡಿಯೊದ ಬಾಡಿಗೆ ವಾದಕ. ಅಂದರೆ ತೆರೆ ಮೇಲೆ ಕಾಣುವ ತಂಡಕ್ಕೂ ಕಿವಿಗೆ ಬೀಳುವ ತಂಡಕ್ಕೂ ಸಂಬಂಧ ಅಷ್ಟಕ್ಕಷ್ಟೆ.

ಲಿಟಲ್ ರಿಚರ್ಡ್‌ನದು ಇನ್ನೂ ಸ್ವಾರಸ್ಯ. ‘ಡೋಂಟ್ ನಾಕ್ ದ ರಾಕ್’ ಚಿತ್ರದಲ್ಲಿ ಅವನು ‘ಟುಟ್ಟಿ ಫ್ರುಟ್ಟಿ’, ‘ಲಾಂಗ್ ಟಾಲ್ ಸ್ಯಾಲಿ’ ಹಾಡುತ್ತಾನೆ. ದೊಗಳೆ ಸೂಟು, ಎತ್ತರಕ್ಕೆ ಕಟ್ಟಿದ ಕೂದಲು, ಪೆನ್ಸಿಲ್‌ನಲ್ಲಿ ಗೀಚಿದಂಥ ಮೀಸೆ. ಪಿಯಾನೊ ಮುಂದೆ ಕೂರುವ ಮಾತೇ ಇಲ್ಲ, ನಿಂತೇ ಬಾರಿಸುತ್ತಾನೆ. ಕೇಳಿಸುವ ಸ್ಯಾಕ್ಸೊಫೋನ್ ನ್ಯೂ ಆರ್ಲಿಯನ್ಸ್ ಸ್ಟುಡಿಯೊದ ವಾದಕರದ್ದು, ಲೀ ಆಲನ್ ಮತ್ತವನ ಜೊತೆಗಾರರದ್ದು. ಕಾಣಿಸುವುದು ‘ಅಪ್‌ಸೆಟರ್ಸ್’, ರಿಚರ್ಡ್ ಜೊತೆ ಊರೂರು ತಿರುಗುತ್ತಿದ್ದ ತಂಡ, ಗ್ರೇಡಿ ಗೇನ್ಸ್ ಮುಂತಾದವರು. ಸ್ಟುಡಿಯೊ ವಾದಕರ ಕೈಚಳಕ ಪ್ಲೇಟಿನಲ್ಲಿ ಉಳಿಯಿತು, ಮುಖ ಉಳಿಯಲಿಲ್ಲ. ಅಪ್‌ಸೆಟರ್ಸ್ ಮುಖ, ಕುಣಿತ, ಒಟ್ಟಾಗಿ ಸೊಂಟ ಆಡಿಸುವ ಬಗೆ ಸಿನಿಮಾದಲ್ಲಿ ಉಳಿಯಿತು, ಆ ಹಾಡುಗಳಲ್ಲಿ ಅವರ ಸದ್ದು ಉಳಿಯಲಿಲ್ಲ.

ಹಾಗಾದರೆ ಇದೆಲ್ಲ ಸುಳ್ಳು, ಇದನ್ನು ಇತಿಹಾಸ ಅಂತ ಹೇಗೆ ಒಪ್ಪುವುದು? ಕೇಳಬೇಕಾದ ಪ್ರಶ್ನೆಯೇ. ಕಿವಿಗೆ ಇದು ಸಾಕ್ಷಿಯಲ್ಲ. ಅವರು ಅವತ್ತು ಹೇಗೆ ನುಡಿಸಿದರು ಎಂಬುದಕ್ಕೆ ಈ ಚಿತ್ರಗಳನ್ನು ನಂಬಿದರೆ ಕೆಟ್ಟೆವು. ಆದರೆ ಕಣ್ಣಿಗೆ ಇದರಷ್ಟು ಒಳ್ಳೆಯ ಸಾಕ್ಷಿ ಇನ್ನೊಂದಿಲ್ಲ. ಆಗಿನ ಟಿವಿ ನೇರ ಪ್ರಸಾರ, ಗಾಳಿಯಲ್ಲಿ ಹೋದದ್ದು ಹೋಯಿತು. ಉಳಿದದ್ದೂ ಟಿವಿ ಪರದೆಯ ಮುಂದೆ ಕ್ಯಾಮೆರಾ ಇಟ್ಟು ತೆಗೆದ ಮಬ್ಬು ಪ್ರತಿಗಳು. ಸಿನಿಮಾ ಹಾಗಲ್ಲ. 35 ಎಂಎಂ ರೀಲು, ಒಳ್ಳೆಯ ಲೆನ್ಸು, ಸರಿಯಾದ ಬೆಳಕು. ಶರ್ಟಿನ ಗುಂಡಿ ಎಣಿಸಬಹುದು. ಹುಚ್ಚು ಇಳಿಯುವ ಮೊದಲು ನಾಲ್ಕು ಕಾಸು ಮಾಡಿಕೊಳ್ಳೋಣ ಅಂತ ಹೊರಟವರು, ತಮಗೇ ಗೊತ್ತಿಲ್ಲದೆ, ಒಂದು ತಲೆಮಾರಿನ ಹಾಡುಗಾರರು ಇಪ್ಪತ್ತರ ಹರೆಯದಲ್ಲಿ ಹೇಗೆ ನಿಲ್ಲುತ್ತಿದ್ದರು, ಹೇಗೆ ಬೆವರುತ್ತಿದ್ದರು ಎಂಬುದನ್ನು ತೆಗೆದಿಟ್ಟರು. ರಿಚೀ ವ್ಯಾಲೆನ್ಸ್ 1959ರ ಫೆಬ್ರವರಿ 3ರಂದು ವಿಮಾನ ಅಪಘಾತದಲ್ಲಿ ಸತ್ತಾಗ ಅವನಿಗೆ 17 ವರ್ಷ. ಅವನು ಕಾಣಿಸಿಕೊಂಡ ಒಂದೇ ಸಿನಿಮಾ ‘ಗೋ, ಜಾನಿ, ಗೋ!’, ಅದು ಬಿಡುಗಡೆಯಾದದ್ದು ಅವನು ಹೋದ ಮೇಲೆ.

ಎಲ್ಲವೂ ಡಬ್ಬಾ ಅಂತಲೂ ಅಲ್ಲ. ಒಂದು ಚಿತ್ರ ನಿಜವಾಗಿ ಒಳ್ಳೆಯದು: 1956ರ ಕೊನೆಗೆ ಬಂದ ‘ದ ಗರ್ಲ್ ಕಾಂಟ್ ಹೆಲ್ಪ್ ಇಟ್’. ನಿರ್ದೇಶಕ ಫ್ರ್ಯಾಂಕ್ ಟ್ಯಾಶ್ಲಿನ್ ಮೊದಲು ವಾರ್ನರ್ ಬ್ರದರ್ಸ್‌ನಲ್ಲಿ ಕಾರ್ಟೂನ್ ಮಾಡುತ್ತಿದ್ದವನು, ಆ ಬುದ್ಧಿ ಬಿಟ್ಟಿರಲಿಲ್ಲ. ಚಿತ್ರ ಶುರುವಾಗುವುದು ಹೀಗೆ. ತೆರೆಯ ನಡುವೆ ಒಂದು ಸಣ್ಣ ಚೌಕ, ಅದೂ ಕಪ್ಪು ಬಿಳುಪು. ಅದರಲ್ಲಿ ನಾಯಕ ಟಾಮ್ ಯೂಯೆಲ್ ಸೂಟು ಹಾಕಿಕೊಂಡು ನಿಂತು, ಈ ಚಿತ್ರ ಸಿನಿಮಾಸ್ಕೋಪ್‌ನಲ್ಲಿದೆ ಎನ್ನುತ್ತಾನೆ. ಚೌಕ ಹಾಗೇ ಇದೆ. ಅವನು ಆ ಕಡೆ ಈ ಕಡೆ ನೋಡಿ, ಕಿಟಕಿ ಸರಿಸಿದ ಹಾಗೆ ಅಂಚನ್ನು ತಳ್ಳುತ್ತಾನೆ, ಚೌಕ ಅಗಲವಾಗುತ್ತದೆ. ಬಣ್ಣದಲ್ಲಿದೆ ಎನ್ನುತ್ತಾನೆ. ಬಣ್ಣ ಬಂದಿಲ್ಲ. ಇನ್ನೊಂದು ಸಲ ಗದರಿದ ಮೇಲೆ ಬಣ್ಣ ಬರುತ್ತದೆ. ಆಮೇಲೆ ಸಂಗೀತದ ಬಗ್ಗೆ ಭಾಷಣ ಶುರು ಮಾಡುತ್ತಾನೆ, ಪಕ್ಕದಲ್ಲಿದ್ದ, ಕಾಸು ಹಾಕಿದರೆ ಪ್ಲೇಟು ಹಾಡಿಸುವ ಜ್ಯೂಕ್‌ಬಾಕ್ಸಿನಿಂದ ಲಿಟಲ್ ರಿಚರ್ಡ್ ಅಬ್ಬರಿಸುತ್ತಾನೆ, ಭಾಷಣ ಮುಳುಗಿಹೋಗುತ್ತದೆ. ಟಿವಿ ಎಂಬ ಸಣ್ಣ ಚೌಕದ ಮೇಲೆ ಸಿನಿಮಾದ ಗೇಲಿ, ದೊಡ್ಡವರ ಭಾಷಣದ ಮೇಲೆ ಹುಡುಗರ ಹಾಡಿನ ಗೇಲಿ, ಎರಡೂ ಟೈಟಲ್ ಬರುವ ಮೊದಲೇ ಮುಗಿದಿರುತ್ತದೆ.

ಬಡವರ ಮನೆಯ ಊಟದಂತಿದ್ದ ರಾಕ್ ಸಿನಿಮಾಗೆ ಇಲ್ಲಿ ಬಾಳೆಎಲೆ ಹಾಕಿ ಬಡಿಸಿದ್ದಾರೆ. ಫ್ಯಾಟ್ಸ್ ಡಾಮಿನೊ, ಜೀನ್ ವಿನ್ಸೆಂಟ್, ಪ್ಲ್ಯಾಟರ್ಸ್, ಎಡ್ಡಿ ಕಾಕ್ರನ್, ಎಲ್ಲರೂ ಬಣ್ಣದಲ್ಲಿ, ಅಗಲ ತೆರೆಯಲ್ಲಿ. ಇಂಗ್ಲೆಂಡಿನ ಲಿವರ್‌ಪೂಲ್‌ನಲ್ಲಿ ಪಾಲ್ ಮೆಕಾರ್ಟ್ನಿ ಎಂಬ ಹುಡುಗ ಈ ಚಿತ್ರದಲ್ಲಿ ಕಾಕ್ರನ್ ಹಾಡಿದ ‘ಟ್ವೆಂಟಿ ಫ್ಲೈಟ್ ರಾಕ್’ ಅನ್ನು ಬಾಯಿಪಾಠ ಮಾಡಿಕೊಂಡಿದ್ದ. 1957ರ ಜುಲೈ 6ರಂದು ಚರ್ಚಿನ ಜಾತ್ರೆಯೊಂದರಲ್ಲಿ ಮೊದಲ ಸಲ ಜಾನ್ ಲೆನನ್ ಸಿಕ್ಕಾಗ ಅದನ್ನೇ ನುಡಿಸಿ ತೋರಿಸಿದ. ಹನ್ನೊಂದು ವರ್ಷದ ನಂತರ, 1968ರ ಸೆಪ್ಟೆಂಬರ್ 18ರ ರಾತ್ರಿ, ಇವರಿಬ್ಬರಿದ್ದ, ಜಗತ್ತನ್ನೇ ಗೆದ್ದ ಬೀಟಲ್ಸ್ ತಂಡದವರು ರೆಕಾರ್ಡಿಂಗ್ ಅರ್ಧಕ್ಕೆ ನಿಲ್ಲಿಸಿ ಹತ್ತಿರದಲ್ಲೇ ಇದ್ದ ಪಾಲ್ ಮನೆಗೆ ಹೋದರು. ಟಿವಿಯಲ್ಲಿ ಈ ಚಿತ್ರ ಬರುತ್ತಿತ್ತು. ನೋಡಿ ಮುಗಿಸಿ ವಾಪಸ್ ಬಂದು ಹಾಡು ಮುಂದುವರಿಸಿದರು.

ಅವರು ನೋಡಿದ್ದು ಟಿವಿಯಲ್ಲಿ ಎಂಬುದನ್ನು ಮರೆಯಬೇಡಿ. ಸಿನಿಮಾಸ್ಕೋಪ್ ಚಿತ್ರವನ್ನು ಹಳೇ ಟಿವಿಯ ಚೌಕಕ್ಕೆ ತುಂಬಿಸಲು ಸಾಮಾನ್ಯವಾಗಿ ಎರಡೂ ಬದಿ ಕತ್ತರಿಸುತ್ತಿದ್ದರು. ಬಣ್ಣದ ಗತಿ ಇನ್ನೂ ಕಷ್ಟ. ಆ ಕಾಲದ ಬಣ್ಣದ ಪ್ರಿಂಟುಗಳಲ್ಲಿ ಮೂರು ಬಣ್ಣದ ಪದರ ಇರುತ್ತದೆ, ಅದರಲ್ಲಿ ಹಸಿರು ಮಿಶ್ರಿತ ನೀಲಿ ಎಲ್ಲಕ್ಕಿಂತ ಮೊದಲು ಹಾರಿಹೋಗುತ್ತದೆ, ಕೊನೆಗೆ ಉಳಿಯುವುದು ಗುಲಾಬಿ. ನಮ್ಮ ಹಳೇ ಕಲರ್ ಚಿತ್ರಗಳ ಪ್ರಿಂಟಿನಲ್ಲೂ ಎಲ್ಲರ ಮುಖ ಕುಂಕುಮ ಸವರಿದ ಹಾಗೆ ಕಾಣುವುದನ್ನು ನೋಡಿರುತ್ತೀರಿ, ಅದೇ ರೋಗ. ಹಾಗಾಗಿ ಜ್ಯೂಕ್‌ಬಾಕ್ಸ್ ಯಾವ ಬಣ್ಣದ್ದು, ಕಾಕ್ರನ್ ಕೋಟು ಯಾವ ಬಣ್ಣದ್ದು ಅಂತ ತಿಳಿಯಲೂ ಒಳ್ಳೆಯ ನೆಗೆಟಿವ್ ಉಳಿದಿರಬೇಕು, ಅದನ್ನು ಕೂತು ಸರಿ ಮಾಡುವ ವ್ಯವಧಾನ ಯಾರಿಗಾದರೂ ಇರಬೇಕು.

ಗೌನಿನ ಹುಡುಗಿಯ ಚಿತ್ರದ್ದು ಇನ್ನೊಂದು ಬಗೆಯ ಕಷ್ಟ. ಅಮೆರಿಕದ ಹಳೇ ಕಾನೂನಿನಲ್ಲಿ ಕಾಪಿರೈಟ್ 28 ವರ್ಷಕ್ಕೆ, ಆಮೇಲೆ ಅರ್ಜಿ ಹಾಕಿ ಮುಂದುವರಿಸಿಕೊಳ್ಳಬೇಕಿತ್ತು. ‘ರಾಕ್, ರಾಕ್, ರಾಕ್!’ ಸಾರ್ವಜನಿಕರ ಸ್ವತ್ತಾಗಿ ಉಳಿಯಿತು. ಒಳ್ಳೆಯದೇ ಆಯಿತಲ್ಲ, ಯಾರು ಬೇಕಾದರೂ ನೋಡಬಹುದು ಅನ್ನಿಸುತ್ತದೆ, ನಾನು ನೋಡಿದ್ದೂ ಹಾಗೇ. ಆದರೆ ಎಲ್ಲರದ್ದು ಎಂದಮೇಲೆ ಯಾರದ್ದೂ ಅಲ್ಲ. ಪ್ರತಿಯಿಂದ ಪ್ರತಿ, ಅದರಿಂದ ಇನ್ನೊಂದು ಪ್ರತಿ, ಸಿಕ್ಕಿದ್ದೆಲ್ಲ ಸವೆದ ಸೀರೆಯ ಹಾಗಿರುತ್ತದೆ. ಸರಿ ಮಾಡಲು ಖರ್ಚು ಮಾಡಿದವನಿಗೆ ನಾಳೆ ಬೆಳಿಗ್ಗೆ ಇನ್ನೊಬ್ಬ ಅದನ್ನೇ ನಕಲು ಮಾಡಿ ಮಾರುವ ಭಯ.

ತುಟಿ ಆಡಿಸುವ ಕಾಲ ಮುಗಿದದ್ದು ಯಾವಾಗ? ಮೊದಲ ಗೆರೆ 1958ರ ಬೇಸಿಗೆಯಲ್ಲಿ ಬಿತ್ತು ಅಂತ ನನ್ನ ಲೆಕ್ಕ. ನ್ಯೂಪೋರ್ಟ್ ಜಾಜ್ ಉತ್ಸವದಲ್ಲಿ ತೆಗೆದ ‘ಜಾಜ್ ಆನ್ ಎ ಸಮ್ಮರ್ಸ್ ಡೇ’ ಸಾಕ್ಷ್ಯಚಿತ್ರದಲ್ಲಿ ಚಕ್ ಬೆರ್ರಿ ‘ಸ್ವೀಟ್ ಲಿಟಲ್ ಸಿಕ್ಸ್‌ಟೀನ್’ ಹಾಡುತ್ತಾನೆ, ಈ ಸಲ ನಿಜವಾಗಿ, ಜನರ ಮುಂದೆ, ಹಿಂದೆ ಜಾಜ್ ವಾದಕರನ್ನು ಇಟ್ಟುಕೊಂಡು. ಹಾಡಿನ ನಡುವೆ ಒಬ್ಬ ಕ್ಲಾರಿನೆಟ್ ನುಡಿಸುತ್ತಾನೆ. ರಾಕ್ ಹಾಡಿಗೆ ಕ್ಲಾರಿನೆಟ್! ಎರಡು ವರ್ಷ ಹಿಂದೆ ಒಂಟಿಯಾಗಿ ತುಟಿ ಆಡಿಸಿದ ಮನುಷ್ಯನೇ ಇವನು ಅಂತ ಎರಡೂ ತುಣುಕನ್ನು ಒಂದರ ಹಿಂದೆ ಒಂದು ಹಾಕಿ ನೋಡಿದರೆ ವ್ಯತ್ಯಾಸ ಯಾರೂ ಹೇಳಿಕೊಡಬೇಕಿಲ್ಲ. 1964ರ ಅಕ್ಟೋಬರ್ 28 ಮತ್ತು 29ರಂದು ಕ್ಯಾಲಿಫೋರ್ನಿಯಾದ ಸ್ಯಾಂಟಾ ಮೋನಿಕಾದಲ್ಲಿ ಹಲವು ಹಾಡುಗಾರರ ನೇರ ಕಾರ್ಯಕ್ರಮವನ್ನು ‘ಟಿ.ಎ.ಎಂ.ಐ. ಶೋ’ ಎಂಬ ಸಿನಿಮಾವಾಗಿ ಚಿತ್ರಿಸಿದಾಗ ಹಳೇ ಪದ್ಧತಿ ಪೂರ್ತಿ ಮೂಲೆಗೆ ಸರಿಯಿತು. ಕಥೆ ಇಲ್ಲ, ಗೌನ್ ಇಲ್ಲ. ಜೇಮ್ಸ್ ಬ್ರೌನ್ ಬೆವರಿನಲ್ಲಿ ತೊಯ್ದು ಮಂಡಿಯೂರಿ ಬೀಳುತ್ತಾನೆ, ಹೆಗಲ ಮೇಲೆ ಬಟ್ಟೆ ಹೊದಿಸಿ ಕರೆದುಕೊಂಡು ಹೋಗುತ್ತಾರೆ, ಅವನು ಅದನ್ನು ಕೊಡವಿ ಮತ್ತೆ ಮೈಕಿಗೆ ಓಡುತ್ತಾನೆ. ಹಕ್ಕಿನ ತಕರಾರಿನಲ್ಲಿ ಸಿಕ್ಕಿಕೊಂಡು ಈ ಚಿತ್ರ ಪೂರ್ತಿಯಾಗಿ ಡಿವಿಡಿಯಲ್ಲಿ ಬಂದದ್ದು 2010ರಲ್ಲಿ.

ಅದಾದರೂ ಬಂತು. ಬಾರದ್ದು ಒಂದಿದೆ. 1955ರ ಅಕ್ಟೋಬರ್ 20ರಂದು ಓಹಾಯೊ ರಾಜ್ಯದ ಕ್ಲೀವ್‌ಲ್ಯಾಂಡ್ ಪಕ್ಕದ ಬ್ರೂಕ್ಲಿನ್ ಹೈಸ್ಕೂಲಿನ ಸಭಾಂಗಣದಲ್ಲಿ ಬಿಲ್ ರ‍್ಯಾಂಡಲ್ ಎಂಬ ರೇಡಿಯೊ ನಿರೂಪಕನ ಬಗ್ಗೆ ಒಂದು ಕಿರುಚಿತ್ರಕ್ಕಾಗಿ ಕಾರ್ಯಕ್ರಮ ನಡೆಯಿತು. ಪೋಸ್ಟರಿನ ದೊಡ್ಡ ಹೆಸರು ಬಿಲ್ ಹೇಲಿ. ಪ್ಯಾಟ್ ಬೂನ್ ಇದ್ದ. ಅವರ ಜೊತೆಗೆ ದಕ್ಷಿಣದ ಹೊರಗೆ ಅಷ್ಟಾಗಿ ಯಾರಿಗೂ ಗೊತ್ತಿರದ 20 ವರ್ಷದ ಒಬ್ಬ ಹುಡುಗನೂ ಹಾಡಿದ, ಎಲ್ವಿಸ್ ಪ್ರೆಸ್ಲಿ. ಆರ್‌ಸಿಎ ಎಂಬ ದೊಡ್ಡ ರೆಕಾರ್ಡ್ ಕಂಪನಿ ಅವನನ್ನು ಕೊಂಡುಕೊಳ್ಳಲು ಇನ್ನೂ ಒಂದು ತಿಂಗಳಿತ್ತು. ಚಿತ್ರದ ಹೆಸರು ‘ದ ಪೈಡ್ ಪೈಪರ್ ಆಫ್ ಕ್ಲೀವ್‌ಲ್ಯಾಂಡ್’. ಅದು ಬಿಡುಗಡೆಯಾಗಲೇ ಇಲ್ಲ. ರೀಲಿನ ಡಬ್ಬಿಗಳು ಎಲ್ಲಿ ಹೋದವೋ ಹುಡುಕಿದವರಿಗೆ ಸಿಕ್ಕಿಲ್ಲ. ಅಂಥ ಚಿತ್ರ ಇತ್ತೇ ಎಂದು ಅನುಮಾನ ಪಡುವವರೂ ಇದ್ದಾರೆ.

ಆದರೆ ಒಂದು ಫೋಟೊ ಇದೆ. ಅವತ್ತು ವೇದಿಕೆಯ ಹಿಂದೆ ಟಾಮಿ ಎಡ್ವರ್ಡ್ಸ್ ಎಂಬ ಇನ್ನೊಬ್ಬ ರೇಡಿಯೊ ನಿರೂಪಕ ತೆಗೆದದ್ದು, ಬಣ್ಣದ್ದು. ಹೇಲಿ ಮತ್ತು ಎಲ್ವಿಸ್ ಪಕ್ಕಪಕ್ಕ ನಿಂತಿದ್ದಾರೆ. ಇಬ್ಬರಲ್ಲಿ ಸ್ಟಾರ್ ಅಂದರೆ ಅವತ್ತಿಗಿನ್ನೂ ಹೇಲಿಯೇ.